ಸದ್ಯ, ಮೀನು ಬದುಕಿದೆ

ಜಪಾನಿನ ಅಕಿತಾ ಪ್ರಾಂತ್ಯದಲ್ಲಿ, ಒಂದು ಸರೋವರದ ದಡದ ಪುಟ್ಟ ಮ್ಯೂಸಿಯಮ್ಮಿನಲ್ಲಿ, ಗಾಜಿನ ತೊಟ್ಟಿಯೊಳಗೆ ಸುಮ್ಮನೆ ನಿಂತಿದ್ದ ಕಪ್ಪು ಮೀನೊಂದನ್ನು ನೋಡ್ತಾ ನೋಡ್ತಾ ನಂಗೆ ನಮ್ಮ ಆಫೀಸಿನ ಒಂದು ಎಕ್ಸೆಲ್ ಶೀಟ್ ನೆನಪಾಯಿತು. ಎತ್ತಣ ಮೀನು, ಎತ್ತಣ ಎಕ್ಸೆಲ್ಲು ಅಂತ ನೀವು ನಗಬಹುದು. ಅವತ್ತು ನಂಗೂ ಸಂಬಂಧ ಸರಿಯಾಗಿ ಹೊಳೆಯಲಿಲ್ಲ. ವಾಪಸು ಟೋಕಿಯೋ ಕಡೆ ಹೊರಟ ಶಿಂಕಾನ್ಸೆನ್‌ನಲ್ಲಿ, ಮೂರು ಗಂಟೆ ಕಿಟಕಿಯಾಚೆ ಹಿಮ ನೋಡುತ್ತಾ ಕೂತಾಗ ಸ್ವಲ್ಪ ಸ್ವಲ್ಪವೇ ಗೊತ್ತಾಯಿತು.

ಮೊದಲು ಮೀನಿನ ಕತೆ ಹೇಳ್ತೀನಿ. ಎಕ್ಸೆಲ್ಲಿನದು ಆಮೇಲೆ.

ಅದರ ಹೆಸರು ಕುನಿಮಾಸು. ‘ಕುನಿ’ ಅಂದರೆ ನಾಡು, ‘ಮಾಸು’ ಅಂದರೆ ಟ್ರೌಟ್ ಜಾತಿಯ ಮೀನು. ನಾಡಮೀನು ಅನ್ನೋಣ. ಹೆಚ್ಚೆಂದರೆ ಒಂದಡಿ ಉದ್ದ. ಸಮುದ್ರಕ್ಕೆ ಹೋಗಿ ಬರುವ ಸಾಕ್‌ಐ ಸಾಮನ್‌ನ ಸಂಬಂಧಿ, ಆದರೆ ಯಾವುದೋ ಕಾಲದಲ್ಲಿ ಗುಡ್ಡಗಳ ನಡುವಿನ ಸರೋವರದಲ್ಲಿ ಸಿಕ್ಕಿಕೊಂಡು ಅಲ್ಲೇ ಬಾಳುವೆ ಮಾಡಿಕೊಂಡದ್ದು. ಆ ಸರೋವರದ ಹೆಸರು ತಜಾವಾ. 423 ಮೀಟರ್ ಆಳ, ಜಪಾನಿನಲ್ಲೇ ಅತಿ ಆಳದ ಸರೋವರ. ನೀರಿನ ಮೇಲ್ಮೈ ಸಮುದ್ರಮಟ್ಟಕ್ಕಿಂತ 249 ಮೀಟರ್ ಮೇಲಿದೆ, ಅಂದರೆ ತಳ ಸಮುದ್ರಮಟ್ಟಕ್ಕಿಂತಲೂ ಕೆಳಗೆ. ಹಿಮ ಸುರಿಯುವ ಜನವರಿಯಲ್ಲೂ ಅದು ಹೆಪ್ಪುಗಟ್ಟುವುದಿಲ್ಲ. ಈ ಮೀನು ಇದ್ದದ್ದು ಆ ನೀರಿನ ಆಳದ ಕತ್ತಲಲ್ಲಿ. ಅದರ ನಂಟಸ್ತಿಕೆಯ ಮೀನುಗಳು ಶರತ್ಕಾಲದಲ್ಲಿ ದಡದ ಹತ್ತಿರ ಬಂದು ಮೊಟ್ಟೆ ಇಟ್ಟರೆ, ಇದು ಚಳಿಗಾಲದಲ್ಲಿ, ಬೆಳಕೇ ಮುಟ್ಟದ ಆಳದಲ್ಲಿ ಇಡುತ್ತಿತ್ತು. ಪ್ರಪಂಚದಲ್ಲಿ ಆ ಒಂದು ಸರೋವರ ಬಿಟ್ಟರೆ ಬೇರೆಲ್ಲೂ ಇರಲಿಲ್ಲ. 1925ರಲ್ಲಿ ವಿಜ್ಞಾನಿಗಳು ಅದಕ್ಕೊಂದು ಲ್ಯಾಟಿನ್ ಹೆಸರು ಕೊಟ್ಟರು. ಹೆಸರು ಬಂದು ಹದಿನೈದು ವರ್ಷಕ್ಕೆ ಅದರ ಕತೆ ಮುಗಿಯಿತು. ಮುಗಿಯಿತು ಅಂತ ಎಲ್ಲರೂ ಅಂದುಕೊಂಡರು.

ಸರೋವರದ ಸುತ್ತಲಿನ ಜನ ಹೇಳುವ ಕತೆಯೊಂದಿದೆ. ತಾತ್ಸುಕೊ ಅನ್ನೋ ಹುಡುಗಿ ತನ್ನ ಚೆಲುವು ಎಂದೂ ಮಾಸಬಾರದು ಅಂತ ದೇವರಲ್ಲಿ ಬೇಡಿಕೊಂಡಳು. ಬೆಟ್ಟದ ಒಂದು ಚಿಲುಮೆಯ ನೀರು ಕುಡಿ ಅಂತ ಅಪ್ಪಣೆಯಾಯಿತು. ಕುಡಿದಳು. ಕುಡಿದಷ್ಟೂ ಬಾಯಾರಿಕೆ ಹೆಚ್ಚಿತು. ಕುಡೀತಾ ಕುಡೀತಾ ಡ್ರ್ಯಾಗನ್ ಆಗಿ ಸರೋವರದಲ್ಲಿ ಮುಳುಗಿದಳು. ರಾತ್ರಿ ಪಂಜು ಹಿಡಿದು ಹುಡುಕಿಕೊಂಡು ಬಂದ ತಾಯಿ, ಮಗಳು ಇನ್ನು ಮನೆಗೆ ಬರೋದಿಲ್ಲ ಅಂತ ತಿಳಿದು, ಉರಿಯುವ ಕೊಳ್ಳಿಯನ್ನು ನೀರಿಗೆ ಎಸೆದಳಂತೆ. ಆ ಕೊಳ್ಳಿಯೇ ಈ ಕಪ್ಪು ಮೀನು. ದಡದಲ್ಲಿ ತಾತ್ಸುಕೊಳ ಬಂಗಾರದ ಬಣ್ಣದ ಪ್ರತಿಮೆ ಇದೆ, ಎಲ್ಲರೂ ಅಲ್ಲಿ ಸೆಲ್ಫಿ ತಗೋತಾರೆ, ನಾನೂ ತಗೊಂಡೆ. ನಂಗೆ ಮನಸ್ಸಲ್ಲಿ ಉಳಿದದ್ದು ಮಾತ್ರ ಆ ತಾಯಿ. ಅವಳಿಗೆ ಪ್ರತಿಮೆ ನಾನು ನೋಡಲಿಲ್ಲ.

ಮೀನು ಬಲು ದುಬಾರಿಯಾಗಿತ್ತಂತೆ. ಒಂದು ಮೀನಿಗೆ ಒಂದು ‘ಶೊ’ ಅಕ್ಕಿ, ಅಂದರೆ ಹತ್ತಿರ ಹತ್ತಿರ ಒಂದೂವರೆ ಕಿಲೋ. ಅಷ್ಟು ಆಳದಿಂದ ಬಲೆ ಎಳೀಬೇಕು ತಾನೆ? ನಾನು ಕುಂದಾಪುರದ ಕಡೆಯವಳು, ಮೀನು ಅಂದರೆ ನಮಗೆ ಮೊದಲು ಊಟ, ಆಮೇಲೆ ಜೀವವಿಜ್ಞಾನ. ಈ ಕತೆಯನ್ನೆಲ್ಲಾ ಫೋನಲ್ಲಿ ಅಮ್ಮನಿಗೆ ಹೇಳಿದರೆ ಅವಳು ಕೇಳಿದ ಮೊದಲ ಪ್ರಶ್ನೆ, “ಅದ್ ತಿಂಬುಕೆ ಹ್ಯಾಂಗಿತ್ತಂಬ್ರ್ ಹೆಣೇ?” ಹಬ್ಬಕ್ಕೆ, ಕಾಯಿಲೆಯವರಿಗೆ ಅಂತ ಎತ್ತಿಡುತ್ತಿದ್ದ ಮೀನಂತೆ, ಚೆನ್ನಾಗೇ ಇದ್ದಿರಬೇಕು ಅಂದೆ. ಅಷ್ಟು ಸಾಕಾಯಿತು ಅವಳಿಗೆ.

ಇನ್ನು ಅದು ಸತ್ತ ಬಗೆ.

ತಜಾವಾದ ಪಕ್ಕದ ಕಣಿವೆಯಲ್ಲಿ ತಮಾ ಅನ್ನೋ ನದಿ ಹರಿಯುತ್ತದೆ. ಅದರ ಮೂಲದ ಹತ್ತಿರ ಒಂದು ಬಿಸಿನೀರಿನ ಬುಗ್ಗೆ ಇದೆ. ಅಲ್ಲಿನ ನೀರಿನ ಪಿಎಚ್ ಸುಮಾರು 1.2. ಲಿಂಬೆರಸದ್ದು 2ರ ಸುಮಾರಿಗೆ ಇರುತ್ತದೆ ಅನ್ನೋದು ನೆನಪಿದ್ದರೆ, ಮತ್ತು ಒಂದು ಅಂಕಿ ಇಳಿದರೆ ಹುಳಿ ಹತ್ತು ಪಟ್ಟು ಏರುತ್ತದೆ ಅನ್ನೋದೂ ನೆನಪಿದ್ದರೆ, ಇದೆಂಥ ನೀರು ಅಂತ ಗೊತ್ತಾಗುತ್ತದೆ. ನಿಮಿಷಕ್ಕೆ ಒಂಬತ್ತು ಸಾವಿರ ಲೀಟರಿನಷ್ಟು ಉಕ್ಕುತ್ತದೆ. ಕೆಳಗಿನ ಬಯಲಿನ ರೈತರು ಅದನ್ನು ವಿಷದ ನೀರು ಅಂತಲೇ ಕರೆಯುತ್ತಿದ್ದರು. ಗದ್ದೆಗೆ ಬಿಟ್ಟರೆ ಪೈರು ಏಳೋದಿಲ್ಲ.

1930ರ ದಶಕ. ಈಶಾನ್ಯ ಜಪಾನಿನಲ್ಲಿ ಹಸಿವು. 1934ರಲ್ಲಿ ಚಳಿ ಮುಗಿಯದೆ ಬೆಳೆ ಕೈಕೊಟ್ಟಿತು, ಹೆಣ್ಣುಮಕ್ಕಳನ್ನು ಮಾರಿದ ಕುಟುಂಬಗಳಿದ್ದವು. ಇನ್ನೊಂದು ಕಡೆ ಯುದ್ಧ ಶುರುವಾಗಿತ್ತು, ಕಾರ್ಖಾನೆಗಳಿಗೆ ವಿದ್ಯುತ್ ಬೇಕಿತ್ತು. ಆಗ ಒಂದು ಪ್ಲಾನ್ ಬಂತು. ನಿಜ ಹೇಳಬೇಕೆಂದರೆ ಬಹಳ ಜಾಣ ಪ್ಲಾನು. ತಮಾ ನದಿಯನ್ನು ತಿರುಗಿಸಿ ತಜಾವಾಕ್ಕೆ ಬಿಡೋಣ. ಇಷ್ಟು ದೊಡ್ಡ ಸರೋವರ, ಆಮ್ಲ ತೆಳುವಾಗುತ್ತದೆ. ಅಲ್ಲಿಂದ ಹೊರಬೀಳುವ ನೀರಿನಿಂದ ವಿದ್ಯುತ್ ತೆಗೆಯೋಣ. ಅದೇ ನೀರನ್ನು ಗದ್ದೆಗೂ ಕೊಡೋಣ. ಒಂದೇ ಕಲ್ಲಿಗೆ ಎಷ್ಟು ಹಣ್ಣು ನೋಡಿ. ದೇಶಕ್ಕೋಸ್ಕರ ಅಂತ ಒಂದು ಸಲ ಹೇಳಿದ ಮೇಲೆ ಒಂದು ಸರೋವರದ ಮೀನುಗಾರರ ಮಾತಿಗೆ ಎಷ್ಟು ತೂಕ ಇರುತ್ತೆ, ನೀವೇ ಊಹಿಸಿ. 1940ರಲ್ಲಿ ನೀರು ಬಿಟ್ಟರು. ಕೆಲವೇ ವರ್ಷಗಳಲ್ಲಿ ಸರೋವರದ ಮೀನು ಬಹುತೇಕ ಸತ್ತವು. ಕುನಿಮಾಸು ಪೂರ್ತಿ.

ಬರೀ ದುರಾಸೆಯಿಂದ ಆಗಿದ್ದರೆ ನಂಗೆ ಈ ಕತೆ ಇಷ್ಟು ಕಾಡುತ್ತಿರಲಿಲ್ಲ. ಹಸಿದ ರೈತನ ಅನ್ನ ಒಂದು ಕಡೆ, ಒಂದಡಿ ಉದ್ದದ ಮೀನು ಇನ್ನೊಂದು ಕಡೆ. ಆ ಸಭೆಯಲ್ಲಿ ನಾನಿದ್ದಿದ್ದರೂ ಕೈ ಎತ್ತುತ್ತಿದ್ದೆ ಅಂತ ಅನಿಸುತ್ತದೆ. ಆಮೇಲೆ ಆದದ್ದು ಏನಂದರೆ, ಆಮ್ಲ ತೆಳುವಾಗುವ ಬದಲು ಸರೋವರವೇ ಹುಳಿಯಾಯಿತು. ಗದ್ದೆಗಳ ಸಮಸ್ಯೆಯೂ ಮುಗಿಯಲಿಲ್ಲ. ಕೊನೆಗೆ ಬುಗ್ಗೆಯ ಹತ್ತಿರವೇ ಘಟಕ ಕಟ್ಟಿ, 1991ರಿಂದ ನೀರನ್ನು ಸುಣ್ಣದಕಲ್ಲಿನ ಮೇಲೆ ಹಾಯಿಸಿ ಹುಳಿ ಕಡಿಮೆ ಮಾಡಿ ಬಿಡುತ್ತಿದ್ದಾರೆ. ಅರ್ಧ ಶತಮಾನ ತಡವಾಗಿ. ಆ ಘಟಕ ಇವತ್ತಿಗೂ ನಿಲ್ಲಿಸುವ ಹಾಗಿಲ್ಲ, ಬುಗ್ಗೆ ಉಕ್ಕುವುದು ನಿಲ್ಲೋದಿಲ್ಲವಲ್ಲ.

1995ರಲ್ಲಿ ಅಲ್ಲಿನವರು ಒಂದು ಬಹುಮಾನ ಘೋಷಿಸಿದರು. ಕುನಿಮಾಸು ಹುಡುಕಿ ಕೊಟ್ಟವರಿಗೆ ಹತ್ತು ಲಕ್ಷ ಯೆನ್. ಆಮೇಲೆ ಅದನ್ನು ಐವತ್ತು ಲಕ್ಷಕ್ಕೆ ಏರಿಸಿದರು. ಕಾಣೆಯಾದ ಮನುಷ್ಯರಿಗೆ ಅಂಟಿಸುವ ಹಾಗೆ ಮೀನಿನ ಚಿತ್ರ ಹಾಕಿದ ಪೋಸ್ಟರುಗಳು. ಯಾಕೆ ಹೀಗೆ ಮಾಡಿದರು ಅಂದರೆ ಒಂದು ಸಣ್ಣ ಆಸೆ ಇತ್ತು. ದುರಂತಕ್ಕೆ ಐದು ವರ್ಷ ಮೊದಲು, 1935ರಲ್ಲಿ, ಈ ಮೀನಿನ ಮೊಟ್ಟೆಗಳನ್ನು ಬೇರೆ ಕೆಲವು ಸರೋವರಗಳಿಗೆ ಕಳಿಸಿದ್ದರು. ಫೂಜಿ ಪರ್ವತದ ಬುಡದ ಸಾಯ್ ಸರೋವರಕ್ಕೆ ಸುಮಾರು ಒಂದು ಲಕ್ಷ ಮೊಟ್ಟೆ ಹೋಗಿತ್ತು. ಎಷ್ಟೋ ಜನ ಮೀನು ತಂದು ತೋರಿಸಿದರು, ಯಾವುದೂ ಅದಲ್ಲ ಅಂತ ಆಯಿತು. 1998ರಲ್ಲಿ ಬಹುಮಾನ ನಿಲ್ಲಿಸಿದರು.

ಆಮೇಲಿನ ಭಾಗ ಸಿನಿಮಾದ ಹಾಗಿದೆ. 2010ರಲ್ಲಿ ಕ್ಯೋಟೊ ವಿಶ್ವವಿದ್ಯಾಲಯದ ಮೀನುತಜ್ಞ ತೆತ್ಸುಜಿ ನಕಾಬೊ ಅವರಿಗೆ ಕುನಿಮಾಸುವಿನ ಒಂದು ಚಿತ್ರ ಬೇಕಾಯಿತು. ಬರೆದುಕೊಡು ಅಂತ ಸಕಾನಾ-ಕುನ್‌ಗೆ ಹೇಳಿದರು. ಈ ಸಕಾನಾ-ಕುನ್ ಯಾರು ಅಂದರೆ, ಜಪಾನಿನ ಟೀವಿಯಲ್ಲಿ ಮೀನಿನ ಆಕಾರದ ಟೋಪಿ ಹಾಕಿಕೊಂಡು ಮಕ್ಕಳಿಗೆ ಮೀನಿನ ಪಾಠ ಹೇಳುವ ಒಬ್ಬ ಚಿತ್ರಕಾರ. ‘ಸಕಾನಾ’ ಅಂದರೆ ಮೀನು. ಮೀನಪ್ಪ ಅಂತ ಕರೆದ ಹಾಗೆ. ಈ ಮೀನಪ್ಪ ಬಣ್ಣ ಹೋಲಿಸಿ ನೋಡೋಣ ಅಂತ ಸಾಯ್ ಸರೋವರದಿಂದ ಹತ್ತಿರದ ಜಾತಿಯಾದ ಹಿಮೆಮಾಸು ಮೀನುಗಳನ್ನು ತರಿಸಿಕೊಂಡ. ಬಂದದ್ದರಲ್ಲಿ ಕಪ್ಪಾಗಿದ್ದದ್ದು ನೋಡಿ ಅವನಿಗೆ ಅನುಮಾನ ಬಂತು. ಪ್ರೊಫೆಸರ್ ಹತ್ತಿರ ತೆಗೆದುಕೊಂಡು ಹೋದ. ಕಿವಿರು, ಹೊಟ್ಟೆಯೊಳಗಿನ ಭಾಗಗಳು, ಮೊಟ್ಟೆ ಇಡುವ ಕಾಲ, ಆಳ, ಜೀನು, ಎಲ್ಲ ನೋಡಿದರು. ಡಿಸೆಂಬರಿನಲ್ಲಿ ಸುದ್ದಿ ಹೊರಬಿತ್ತು. ಸತ್ತ ಮೀನು ಬದುಕಿದೆ, ಮನೆಯಿಂದ ಸುಮಾರು 500 ಕಿಲೋಮೀಟರ್ ದೂರದಲ್ಲಿ, 900 ಮೀಟರ್ ಎತ್ತರದ ಇನ್ನೊಂದು ಬೆಟ್ಟದ ಸರೋವರದಲ್ಲಿ.

ಸಾಯ್ ಸರೋವರದ ಮೀನುಗಾರರಿಗೆ ಮಾತ್ರ ಇದೇನೂ ಹೊಸ ಮೀನಲ್ಲ. ಅವರು ಅದನ್ನು ‘ಕುರೊಮಾಸು’, ಅಂದರೆ ಕರಿಮಾಸು ಅಂತ ಕರೆಯುತ್ತಿದ್ದರು. ಮೊಟ್ಟೆ ಇಟ್ಟು ಕಪ್ಪಗಾದ ಹಿಮೆಮಾಸು ಇರಬೇಕು ಅಂದುಕೊಂಡಿದ್ದರು. ಎಪ್ಪತ್ತು ವರ್ಷ ಹಿಡಿದಿದ್ದಾರೆ, ತಿಂದಿದ್ದಾರೆ. ಇತ್ತ ತಜಾವಾದಲ್ಲಿ ಅದಕ್ಕಾಗಿ ಪೋಸ್ಟರ್ ಅಂಟಿಸುವ ಕಾಲಕ್ಕೆ ಅತ್ತ ಯಾರದೋ ಮನೆಯಲ್ಲಿ ಅದೇ ಮೀನು ಒಲೆ ಮೇಲೆ ಇದ್ದಿರಬಹುದು.

ಈ ಸುದ್ದಿ ಓದಿದ ತಕ್ಷಣ ನಮ್ಮ ಬಾಯಲ್ಲಿ ಬರುವ ಮಾತು ಯಾವುದು? “ಸದ್ಯ!” ಅಲ್ವಾ?

ಈಗ ಎಕ್ಸೆಲ್ ಶೀಟಿಗೆ ಬರ್ತೀನಿ.

ಮೂರು ವರ್ಷದ ಹಿಂದೆ ನಾನಿದ್ದ ಕಂಪನಿಯಲ್ಲಿ ಮೇಲಿನಿಂದ ಒಂದು ಶೀಟ್ ಬಂತು. ನಿಮ್ಮ ಟೀಮಿನಿಂದ ಎರಡು ಹೆಸರು ಕೊಡಿ, ಸೋಮವಾರ ಬೆಳಿಗ್ಗೆಯೊಳಗೆ. ಕಾರಣ ಬರೆಯಲು ಒಂದು ಕಾಲಂ, ಅದರಲ್ಲಿ ಡ್ರಾಪ್‌ಡೌನ್. ಮೊದಲ ಹೆಸರಿಗೆ ನಂಗೆ ಕಷ್ಟವಾಗಲಿಲ್ಲ, ಆ ಮನುಷ್ಯನೇ ಹೊರಡುವವನಿದ್ದ. ಎರಡನೆಯದಕ್ಕೆ ಭಾನುವಾರ ರಾತ್ರಿಯವರೆಗೆ ಕೂತೆ. ಕೊನೆಗೆ ಒಬ್ಬ ಹುಡುಗನ ಹೆಸರು ಹಾಕಿದೆ. ಅವನ ಕೆಲಸ ಚೆನ್ನಾಗಿತ್ತು. ಆ ವರ್ಷ ಅವನ ಅಪ್ಪನಿಗೆ ಡಯಾಲಿಸಿಸ್ ನಡೀತಿತ್ತು, ಹಾಗಾಗಿ ರಜೆ ಜಾಸ್ತಿಯಾಗಿ, ನಂಬರ್ ಸ್ವಲ್ಪ ಕೆಳಗಿತ್ತು. ಅವನಿಗಿಂತ ಕೆಳಗಿರಬೇಕಾದ ಇನ್ನಿಬ್ಬರಿದ್ದರು. ಅವರು ಜಗಳ ಆಡ್ತಿದ್ದರು, ಎಚ್‌ಆರ್‌ಗೆ ಮೇಲ್ ಹಾಕ್ತಿದ್ದರು, ನನ್ನ ಮೇಲಿನವರ ಹತ್ತಿರ ಹೋಗ್ತಿದ್ದರು. ಇವನು ಏನೂ ಮಾಡೋದಿಲ್ಲ ಅಂತ ನಂಗೆ ಗೊತ್ತಿತ್ತು. ಅಷ್ಟೇ ಕಾರಣ. ಡ್ರಾಪ್‌ಡೌನಿನಲ್ಲಿ ಆ ಕಾರಣ ಇರಲಿಲ್ಲ, ಬೇರೆ ಯಾವುದನ್ನೋ ಆರಿಸಿದೆ.

ಅವನು ಏನೂ ಮಾಡಲಿಲ್ಲ. ಲ್ಯಾಪ್‌ಟಾಪ್ ವಾಪಸ್ ಕೊಡುವ ದಿನ ನನ್ನ ಡೆಸ್ಕಿಗೆ ಬಂದು, “ಥ್ಯಾಂಕ್ಸ್ ಮೇಡಂ, ತುಂಬಾ ಕಲಿತೆ ನಿಮ್ಮಿಂದ” ಅಂದ. ಪಟ್ಟಿ ಮೇಲಿನಿಂದಲೇ ಬಂತು ಅಂತ ಎಲ್ಲರಿಗೂ ಹೇಳಿದ್ದೆ, ಅವನಿಗೂ ಅದನ್ನೇ ಹೇಳಿದೆ.

ಒಂದೂವರೆ ವರ್ಷ ಬಿಟ್ಟು ಲಿಂಕ್ಡ್‌ಇನ್‌ನಲ್ಲಿ ಅವನ ಪೋಸ್ಟ್ ಕಂಡಿತು. ಪುಣೆಯಲ್ಲಿ ಒಳ್ಳೆ ಕೆಲಸ, ಲೀಡ್ ಆಗಿದ್ದಾನೆ. ಆ ಕೆಲಸ ಹೋಗಿದ್ದೇ ಒಳ್ಳೇದಾಯ್ತು ಅನ್ನೋ ಅರ್ಥ ಬರುವ ಹಾಗೆ ಒಂದು ಪ್ಯಾರಾ ಬರೆದಿದ್ದ, ಇಂಥ ಪೋಸ್ಟುಗಳ ಧಾಟಿ ನಿಮಗೆ ಗೊತ್ತೇ ಇದೆ. ಓದಿ ನಾನು ಜೋರಾಗಿಯೇ ಅಂದೆ, “ಸದ್ಯ!” ಎದೆಯ ಮೇಲಿನ ಭಾರ ಇಳಿದ ಹಾಗಾಯಿತು. ಲೈಕ್ ಒತ್ತಿದೆ. ಅವತ್ತು ರಾತ್ರಿ ಚೆನ್ನಾಗಿ ನಿದ್ದೆ ಬಂತು.

ನಾನು ಯೋಚಿಸಬೇಕು ಅಂದುಕೊಂಡಿರುವುದು ಈ ನಿದ್ದೆಯ ಬಗ್ಗೆ.

ನಾನು ಮಾಡಿದ ಕೆಲಸ ಆ ಭಾನುವಾರ ರಾತ್ರಿಯೇ ಮುಗಿದಿತ್ತು. ಸೆಂಡ್ ಒತ್ತಿದ ಮೇಲೆ ಅದರಲ್ಲಿ ಸೇರಿಸುವುದಕ್ಕೂ ಕಳೆಯುವುದಕ್ಕೂ ಏನೂ ಉಳಿದಿರಲಿಲ್ಲ. ಅವನಿಗೆ ಪುಣೆಯಲ್ಲಿ ಕೆಲಸ ಸಿಗದೇ ಇದ್ದಿದ್ದರೆ, ಅಪ್ಪನ ಔಷಧಿಗೆ ದುಡ್ಡಿಲ್ಲದೆ ಏನಾದರೂ ಆಗಿದ್ದಿದ್ದರೆ, ನಾನು ಇವತ್ತು ಇನ್ನೊಬ್ಬಳೇ ಮನುಷ್ಯಳಾಗಿರುತ್ತಿದ್ದೆ. ಬಹುಶಃ ಮುಖ ಎತ್ತಿ ಓಡಾಡುತ್ತಿರಲಿಲ್ಲ. ಆದರೆ ಆ ಎರಡು ದಾರಿಗಳಲ್ಲಿ ಯಾವುದು ಆಗಬೇಕು ಅನ್ನೋದರಲ್ಲಿ ನನ್ನ ಕೈವಾಡ ಏನೇನೂ ಇಲ್ಲ. ಪುಣೆಯ ಯಾವುದೋ ಕಂಪನಿಯ ಯಾರೋ ಒಬ್ಬರು ಅವನ ರೆಸ್ಯೂಮೆ ತೆರೆದು ನೋಡಿದ್ದರಿಂದ ನಾನು ಒಳ್ಳೆಯವಳಾಗಿ ಉಳಿದೆನಾ?

ಈ ಪ್ರಶ್ನೆಯನ್ನು ಫಿಲಾಸಫಿಯವರು ಬಹಳ ಕಾಲದಿಂದ ಜಗ್ಗಾಡುತ್ತಿದ್ದಾರೆ. 1976ರಲ್ಲಿ ಬರ್ನಾರ್ಡ್ ವಿಲಿಯಮ್ಸ್ ಮತ್ತು ಥಾಮಸ್ ನೇಗಲ್ ಅದಕ್ಕೆ ‘ಮಾರಲ್ ಲಕ್’ ಅಂತ ಒಂದು ಹೆಸರೂ ಕೊಟ್ಟರು. ನೈತಿಕ ಅದೃಷ್ಟ. ಕುಡಿದು ಗಾಡಿ ಓಡಿಸಿದ ಇಬ್ಬರಲ್ಲಿ ಒಬ್ಬನ ದಾರಿಗೆ ಮಗು ಅಡ್ಡ ಬಂತು, ಇನ್ನೊಬ್ಬನಿಗೆ ಖಾಲಿ ರಸ್ತೆ ಸಿಕ್ಕಿತು. ಮಾಡಿದ್ದು ಒಂದೇ. ಒಬ್ಬ ಜೈಲಿಗೆ, ಇನ್ನೊಬ್ಬ ಮನೆಗೆ. ಖಾಲಿ ರಸ್ತೆ ಸಿಕ್ಕಿದವನು ಬೆಳಿಗ್ಗೆ ಎದ್ದು “ಸದ್ಯ” ಅನ್ನುತ್ತಾನೆ, ಕಾಫಿ ಕುಡಿಯುತ್ತಾನೆ.

ವಿಲಿಯಮ್ಸ್ ಇನ್ನೊಂದು ಮಾತು ಹೇಳಿದ್ದಾನೆ, ಅದು ನಂಗೆ ಇನ್ನೂ ಹತ್ತಿರದ್ದು. ತನ್ನ ತಪ್ಪೇ ಇಲ್ಲದೆ ಮಗುವಿನ ಮೇಲೆ ಲಾರಿ ಹಾಯಿಸಿದ ಡ್ರೈವರ್‌ಗೆ ನಾವೆಲ್ಲ ಸಮಾಧಾನ ಹೇಳುತ್ತೇವೆ, ಹೇಳಲೂಬೇಕು. ಆದರೆ ಅವನು ತೀರಾ ಬೇಗ ಸಮಾಧಾನ ಆಗಿಬಿಟ್ಟರೆ ನಮಗೆ ಏನೋ ಸರಿ ಇಲ್ಲ ಅನಿಸುತ್ತದೆ. ಬೇರೆಯವರು ‘ಬಿಡಪ್ಪಾ’ ಅನ್ನಬಹುದು. ಅವನೇ ಅವನಿಗೆ ‘ಬಿಡಪ್ಪಾ’ ಅಂದುಕೊಳ್ಳುವುದಕ್ಕೆ ಸ್ವಲ್ಪ ಹೊತ್ತು ಹಿಡಿಯಬೇಕು.

ನಮ್ಮಲ್ಲಿ ಇದಕ್ಕೆ ಒಂದು ಸಿದ್ಧ ಔಷಧಿ ಇದೆ. “ಆಗೋದೆಲ್ಲಾ ಒಳ್ಳೇದಕ್ಕೇ.” ಮದುವೆ ಮುರಿದರೆ, ಪರೀಕ್ಷೆ ಫೇಲಾದರೆ, ಕೆಲಸ ಹೋದರೆ, ಎಲ್ಲದಕ್ಕೂ ಇದೇ ಮಾತ್ರೆ. ನಾನು ಈ ಮಾತನ್ನು ಗೇಲಿ ಮಾಡುತ್ತಿಲ್ಲ. ನಮ್ಮಜ್ಜಿ ಎರಡು ಮಕ್ಕಳನ್ನು ಕಳಕೊಂಡು ಈ ಮಾತಿನ ಮೇಲೆಯೇ ಬದುಕಿದ್ದು. ಆದರೆ ಗಮನಿಸಿ, ಅದನ್ನು ಹೇಳುವ ಹಕ್ಕು ಅಜ್ಜಿಗಿತ್ತು. ಪೆಟ್ಟು ತಿಂದವರು ಆ ಮಾತು ಹೇಳಿದರೆ ಅದು ಧೈರ್ಯ. ಪೆಟ್ಟು ಕೊಟ್ಟವರು ಅದನ್ನೇ ಹೇಳಿದರೆ? ಆ ಹುಡುಗ “ಕೆಲಸ ಹೋಗಿದ್ದೇ ಒಳ್ಳೇದಾಯ್ತು” ಅಂತ ಬರೆದಾಗ ಅದು ಅವನ ಮಾತು, ಅವನು ದುಡಿದು ಸಂಪಾದಿಸಿದ್ದು. ನಾನು ಅದಕ್ಕೆ ಲೈಕ್ ಒತ್ತಿ ನನ್ನ ಖಾತೆಗೆ ಜಮಾ ಮಾಡಿಕೊಂಡೆ.

ತಿರುಗಿ ಮೀನಿಗೆ ಬರೋಣ. ಸಾಯ್ ಸರೋವರಕ್ಕೆ ಹೋದ ಆ ಒಂದು ಲಕ್ಷ ಮೊಟ್ಟೆಯನ್ನು ಯಾರೂ ಕುನಿಮಾಸು ಉಳಿಯಲಿ ಅಂತ ಕಳಿಸಿದ್ದಲ್ಲ. ಬೇರೆ ಊರಿನ ಸರೋವರದಲ್ಲೂ ಮೀನು ಬೆಳೆದು ನಾಲ್ಕು ಕಾಸು ಬರಲಿ ಅಂತ ಕಳಿಸಿದ್ದು. ಒಂದು ಸರೋವರದ ಮೀನನ್ನು ಇನ್ನೊಂದಕ್ಕೆ ಬಿಡುವುದು ಇವತ್ತಿನ ಲೆಕ್ಕದಲ್ಲಿ ಮಾಡಬಾರದ ಕೆಲಸ. ಅದು ಯಾಕೆ ಮಾಡಬಾರದು ಅನ್ನೋದಕ್ಕೆ ಜಪಾನಿನಲ್ಲೇ ಇನ್ನೊಂದು ಮೀನಿನ ಕತೆ ಇದೆ. 1960ರಲ್ಲಿ ಯುವರಾಜ ಅಕಿಹಿಟೊ ಅಮೆರಿಕಕ್ಕೆ ಹೋದಾಗ ಶಿಕಾಗೊದ ಮೇಯರ್ ಅವರಿಗೆ ಬ್ಲೂಗಿಲ್ ಅನ್ನೋ ಮೀನುಗಳನ್ನು ಉಡುಗೊರೆ ಕೊಟ್ಟರು. ಅವರು ಅದನ್ನು ತಂದು ಮೀನುಗಾರಿಕಾ ಸಂಶೋಧನಾ ಕೇಂದ್ರಕ್ಕೆ ಕೊಟ್ಟರು, ಜನರ ಊಟಕ್ಕಾಗುತ್ತದೆ ಅಂತ. ಅದು ಅಲ್ಲಿಂದ ಹರಡಿ ಬಿವಾ ಸರೋವರ ಸೇರಿತು. ಅಲ್ಲಿನ ಮೂಲ ಮೀನುಗಳ ಮೊಟ್ಟೆ ಮರಿ ತಿಂದು ಅವನ್ನು ಮೂಲೆಗೊತ್ತಿತು. 2007ರಲ್ಲಿ, ಚಕ್ರವರ್ತಿಯಾಗಿದ್ದ ಅದೇ ಅಕಿಹಿಟೊ, ಬಿವಾ ಸರೋವರದ ದಡದ ಓತ್ಸು ಊರಿನ ಸಮಾರಂಭದಲ್ಲಿ ನಿಂತು, ಈ ಮೀನನ್ನು ಅಮೆರಿಕದಿಂದ ತಂದವನು ನಾನು, ಹೀಗಾದದ್ದಕ್ಕೆ ಮನಸ್ಸಿಗೆ ನೋವಾಗಿದೆ ಅಂತ ಹೇಳಿದರು.

ಮೂರು ವರ್ಷದ ನಂತರ, 2010ರ ಡಿಸೆಂಬರ್ 23, ತಮ್ಮ 77ನೆಯ ಹುಟ್ಟುಹಬ್ಬದಂದು, ಅದೇ ಮನುಷ್ಯ ಕುನಿಮಾಸು ಸಿಕ್ಕಿದ್ದರ ಬಗ್ಗೆ ಸಂತೋಷದಿಂದ ಮಾತಾಡಿದರು. ಅವರು ಸ್ವತಃ ಗೋಬಿ ಜಾತಿಯ ಮೀನುಗಳ ಮೇಲೆ ಸಂಶೋಧನೆ ಮಾಡಿದವರು. ಕುನಿಮಾಸು ತಮಗೆ ಹನ್ನೆರಡನೇ ವಯಸ್ಸಿನ ನೆನಪಿನ ಮೀನು ಅಂದರು. ನಕಾಬೊ ಅವರನ್ನೂ ಮೀನಪ್ಪನನ್ನೂ ಹೊಗಳಿದರು.

ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ. ಎರಡೂ ಕಡೆ ಮನುಷ್ಯರು ಒಳ್ಳೆ ಮನಸ್ಸಿನಿಂದ, ಊಟಕ್ಕೋ ಕಾಸಿಗೋ ಆಗಲಿ ಅಂತ, ಒಂದು ಕಡೆಯ ಮೀನನ್ನು ಇನ್ನೊಂದು ಕಡೆ ಬಿಟ್ಟರು. ಒಂದು ಕಡೆ ಹಲವು ಮೀನು ಕಣ್ಮರೆಯಾಗುವ ಹಾಗಾಯಿತು. ಇನ್ನೊಂದು ಕಡೆ, ಪ್ರಪಂಚದಲ್ಲಿ ಬೇರೆಲ್ಲೂ ಇಲ್ಲದ ಒಂದು ಮೀನು ಉಳಿಯಿತು. 1935ರಲ್ಲಿ ಮೊಟ್ಟೆ ಕಳಿಸಿದವರಿಗೂ 1960ರಲ್ಲಿ ಮೀನು ತಂದವರಿಗೂ ಮನಸ್ಸಿನಲ್ಲಿ ಇದ್ದದ್ದು ಹೆಚ್ಚುಕಮ್ಮಿ ಒಂದೇ. ಹಾಗಾದರೆ ಒಬ್ಬರಿಗೆ ಶಾಲು ಹೊದಿಸಿ ಇನ್ನೊಬ್ಬರಿಂದ ಕ್ಷಮೆ ಕೇಳಿಸುವುದು ಯಾವ ನ್ಯಾಯ? ನೀವು ಕೇಳಿದರೆ ನನ್ನ ಹತ್ತಿರ ಅಚ್ಚುಕಟ್ಟಾದ ಉತ್ತರ ಇಲ್ಲ. ಆದರೆ ಒಂದು ವಿಷಯ ನನ್ನನ್ನು ಹಿಡಿದು ನಿಲ್ಲಿಸಿತು. ಬ್ಲೂಗಿಲ್ ವಿಷಯದಲ್ಲಿ ತಪ್ಪಿಸಿಕೊಳ್ಳಲು ಚಕ್ರವರ್ತಿಗೆ ಎಷ್ಟೊಂದು ದಾರಿಗಳಿದ್ದವು. ಉಡುಗೊರೆ ಕೊಟ್ಟವರು ಬೇರೆ, ಸಾಕಿದ್ದು ಸಂಸ್ಥೆ, ಕೆರೆಗೆ ಬಿಟ್ಟವರು ಇನ್ಯಾರೋ. ಸರ್ಕಾರದ ಭಾಷೆಯಲ್ಲಿ ಹೇಳೋದಾದರೆ ‘ಬ್ಲೂಗಿಲ್ ಪರಿಚಯಿಸಲ್ಪಟ್ಟಿತು’ ಅಂದರೆ ಮುಗೀತಿತ್ತು. ಕನ್ನಡದಲ್ಲಿ ಈ ‘ಅಲ್ಪಟ್ಟಿತು’ ಅನ್ನೋದು ಆಫೀಸಿನವರಿಗೆ ದೇವರು ಕೊಟ್ಟ ವರ, ಯಾರು ಮಾಡಿದ್ದು ಅಂತ ಹೇಳಬೇಕಾಗೇ ಇಲ್ಲ. ಪಟ್ಟಿ ಕಳುಹಿಸಲ್ಪಟ್ಟಿತು. ಹೆಸರು ಸೇರಿಸಲ್ಪಟ್ಟಿತು. ಆ ಮುದುಕರು ಹಾಗೆ ಹೇಳದೆ ‘ನಾನು ತಂದೆ’ ಅಂದರು.

ಇನ್ನು ಕುನಿಮಾಸು ಬದುಕಿದೆ ಅಂದೆನಲ್ಲ, ಅದರಲ್ಲೂ ಒಂದು ತಕರಾರಿದೆ. 2013ರವರೆಗೆ ಜಪಾನಿನ ಪರಿಸರ ಸಚಿವಾಲಯದ ಪಟ್ಟಿಯಲ್ಲಿ ಅದು ‘ಅಳಿದುಹೋದ’ ಜೀವಿ. ಸಿಕ್ಕಿದ ಮೇಲೆ ಪಟ್ಟಿ ತಿದ್ದಿದರು. ಈಗ ಅದು ‘ಕಾಡಿನಲ್ಲಿ ಅಳಿದದ್ದು’, ಅಂದರೆ ತನ್ನ ಸಹಜ ನೆಲೆಯಲ್ಲಿ ಇಲ್ಲದ್ದು. ಸಾಯ್ ಸರೋವರದಲ್ಲಿ ಅದು ಯಾರ ಹಂಗೂ ಇಲ್ಲದೆ ಈಜುತ್ತಿದೆ, ಎಪ್ಪತ್ತೈದು ವರ್ಷಕ್ಕೂ ಹೆಚ್ಚು ಕಾಲ ಸಂಸಾರ ಮಾಡಿದೆ, ತಾನೇ ಮೊಟ್ಟೆ ಇಟ್ಟು ಮರಿ ಮಾಡುತ್ತಿದೆ. ಆದರೂ ಕಡತದ ಪ್ರಕಾರ ಅಳಿದಿದೆ, ಯಾಕೆಂದರೆ ಅದರ ಮನೆಯಲ್ಲಿ ಅದಿಲ್ಲ. ಮೊದಲು ಓದಿದಾಗ ಇದು ಗುಮಾಸ್ತರ ಕುಚೋದ್ಯ ಅನಿಸಿತ್ತು. ಈಗ ಆ ಗುಮಾಸ್ತರ ಮೇಲೆ ಗೌರವ ಬಂದಿದೆ. ‘ಸದ್ಯ ಬದುಕಿದೆಯಲ್ಲ’ ಅಂತ ತಜಾವಾದ ಕಡತ ಮುಚ್ಚಲು ಅವರು ಒಪ್ಪಲಿಲ್ಲ. ಮೀನು ಇದೆ ಅನ್ನೋದು ಒಂದು ಸಂಗತಿ, ಅದನ್ನು ಅದರ ನೀರಿನಿಂದ ಕಿತ್ತದ್ದು ಇನ್ನೊಂದು ಸಂಗತಿ. ಒಂದನ್ನು ಇನ್ನೊಂದರಿಂದ ಕಳೆಯೋದಕ್ಕೆ ಬರೋದಿಲ್ಲ.

ತಜಾವಾದ ದಡದ ಆ ಮ್ಯೂಸಿಯಂ ಶುರುವಾದದ್ದು 2017ರಲ್ಲಿ. ಅಲ್ಲಿರುವ ಜೀವಂತ ಮೀನುಗಳು ಫೂಜಿ ಇರುವ ಯಾಮಾನಾಶಿ ಪ್ರಾಂತ್ಯದಿಂದ ಬಂದ ಅತಿಥಿಗಳು. ಗಾಜಿನ ಆಚೆ ಮೀನು, ಕಿಟಕಿಯ ಆಚೆ ಅದರದ್ದೇ ಸರೋವರ. ನಡುವೆ ಕೆಲವೇ ಹೆಜ್ಜೆ. ಸುಣ್ಣದಕಲ್ಲಿನ ಘಟಕ ಇಷ್ಟು ವರ್ಷ ಕೆಲಸ ಮಾಡಿದರೂ ಆ ನೀರು ಇನ್ನೂ ಹುಳಿಯೇ, ಬಿಟ್ಟರೆ ಬದುಕೋದಿಲ್ಲ. ತೊಟ್ಟಿಯ ಮುಂದೆ ನನ್ನ ಪಕ್ಕ ಒಬ್ಬರು ವಯಸ್ಸಾದ ಹೆಂಗಸು ನಿಂತಿದ್ದರು. ಮೀನಿಗೆ ತಲೆ ಬಗ್ಗಿಸಿ ನಮಸ್ಕಾರ ಮಾಡಿದರು. ಜಪಾನಿನಲ್ಲಿ ಎಲ್ಲದಕ್ಕೂ ತಲೆ ಬಗ್ಗಿಸುತ್ತಾರೆ, ಅದಕ್ಕೆ ಅತಿಯಾದ ಅರ್ಥ ಹಚ್ಚಬಾರದು ಅಂತ ನನಗೆ ನಾನೇ ಹೇಳಿಕೊಂಡೆ. ಆಮೇಲೆ ಅವರು ಕಿಟಕಿ ಕಡೆ ತಿರುಗಿ ಸರೋವರವನ್ನು ಬಹಳ ಹೊತ್ತು ನೋಡಿದರು.

‘ಸದ್ಯ’ ಅನ್ನೋ ಪದ ಎಷ್ಟು ಚೆನ್ನಾಗಿದೆ ನೋಡಿ. ನಿಟ್ಟುಸಿರಿಗೂ ಅದೇ, ‘ಈಗಿನ ಮಟ್ಟಿಗೆ’ ಅನ್ನೋದಕ್ಕೂ ಅದೇ. ಸದ್ಯ ಮೀನು ಬದುಕಿದೆ. ಸಾಯ್ ಸರೋವರ ಬರೀ 70 ಮೀಟರ್ ಆಳ, ನೀರು ಬಿಸಿಯಾಗುತ್ತಾ ಹೋದರೆ ತಣ್ಣಗಿನ ಆಳ ಹುಡುಕಿ ಇಳಿಯೋದಕ್ಕೆ ತಜಾವಾದಷ್ಟು ಜಾಗ ಅಲ್ಲಿಲ್ಲ. ಸದ್ಯಕ್ಕೆ ಇದೆ, ಅಷ್ಟೇ.

ಬೆಂಗಳೂರಿಗೆ ಬಂದ ಮೇಲೆ ಒಂದು ವಾರ ಸುಮ್ಮನಿದ್ದೆ. ಫೋನ್ ಮಾಡೋದರಿಂದ ಯಾರಿಗೆ ಲಾಭ ಅನ್ನೋ ಪ್ರಶ್ನೆ ಇತ್ತು. ಅವನು ಆರಾಮಾಗಿದ್ದಾನೆ, ಹಳೇ ಗಾಯ ಕೆದಕಿ ನನ್ನ ಭಾರವನ್ನು ಅವನ ತಲೆಗೆ ದಾಟಿಸೋದು ಇನ್ನೊಂದು ಸ್ವಾರ್ಥ ತಾನೆ? ಈ ವಾದದಲ್ಲಿ ಹುರುಳಿದೆ, ಇಲ್ಲ ಅನ್ನೋದಿಲ್ಲ. ಆದರೆ ಅದು ನನಗೆ ಎಷ್ಟು ಅನುಕೂಲವಾದ ವಾದ ಅನ್ನೋದೂ ಕಾಣುತ್ತಿತ್ತು. ಅವನು ನನಗೆ ಥ್ಯಾಂಕ್ಸ್ ಹೇಳಿ ಹೋಗಿದ್ದ. ಸುಳ್ಳಿನ ಮೇಲೆ ಪಡೆದ ಆ ಥ್ಯಾಂಕ್ಸ್ ನನ್ನ ಹತ್ತಿರ ಇತ್ತು, ಅದು ನನ್ನದಲ್ಲ. ಅದನ್ನು ವಾಪಸ್ ಕೊಡೋಣ ಅಂತ ಒಂದು ಶನಿವಾರ ಫೋನ್ ಮಾಡಿದೆ.

ಖುಷಿಯಾಗಿಯೇ ಮಾತಾಡಿದ. “ಅರೆ ಮೇಡಂ, ಹೇಗಿದ್ದೀರಾ?” ಅಪ್ಪ ಹೇಗಿದ್ದಾರೆ ಅಂದೆ. ಹೋದ ವರ್ಷ ಹೋಗಿಬಿಟ್ಟರು ಅಂದ. ಪೋಸ್ಟಿನಲ್ಲಿ ಅದಿರಲಿಲ್ಲ. ನಂಗೆ ಮುಂದೆ ಮಾತು ಹೊರಡಲಿಲ್ಲ, ಫೋನ್ ಇಟ್ಟುಬಿಡೋಣ ಅನಿಸಿತು. ಆಮೇಲೆ ಹೇಳಿದೆ. ಆ ಪಟ್ಟಿ ಮೇಲಿನಿಂದ ಬಂದಿರಲಿಲ್ಲ, ಹೆಸರು ಬರೆದದ್ದು ನಾನು, ನೀವು ಜಗಳ ಆಡೋದಿಲ್ಲ ಅಂತ ಬರೆದೆ, ತಪ್ಪಾಯಿತು.

ಆ ಕಡೆ ಟೀವಿಯ ಸದ್ದು ಕೇಳುತ್ತಿತ್ತು. ಯಾರೋ ಅದನ್ನು ಕಡಿಮೆ ಮಾಡಿದರು.

“ಆಮೇಲೆ ಮಾಡ್ತೀನಿ ಮೇಡಂ” ಅಂದ.

ಇದನ್ನು ಬರೆಯುವ ಹೊತ್ತಿಗೆ ಹನ್ನೊಂದು ದಿನ ಆಗಿದೆ. ಫೋನ್ ಬಂದಿಲ್ಲ.